ಎರಡನೆಯ ಗೋಲ್‌ಕೀಪರ್

"ಗುರುಗಳೇ, ನನಗೆ ಬಂದ ಅವಕಾಶವನ್ನು ಇನ್ನೊಬ್ಬರಿಗೆ ಬಿಟ್ಟುಕೊಟ್ಟರೆ ಅದು ತ್ಯಾಗವಲ್ಲವೇ?" ಎಂದು ಶಿಷ್ಯ ಕೇಳಿದ.

ಪಕ್ಕದ ಊರಿನ ಸಭೆಯಲ್ಲಿ ಪ್ರವಚನ ಮಾಡಲು ಗುರುಗಳು ಅವನಿಗೆ ಹೇಳಿದ್ದರು. ತನಗಿಂತ ಹಿರಿಯ ಶಿಷ್ಯನೊಬ್ಬನಿದ್ದಾನೆ, ಅವನೇ ಹೋಗಲಿ ಎಂದು ಇವನು ಹೇಳಿ ಕಳಿಸಿದ್ದ. ಎಲ್ಲರೂ ಇವನ ವಿನಯವನ್ನು ಮೆಚ್ಚಿದ್ದರು. ಗುರುಗಳು ಮಾತ್ರ ಏನೂ ಹೇಳಿರಲಿಲ್ಲ.

ಗುರುಗಳು ಅವನನ್ನು ಕೂರಿಸಿಕೊಂಡು ಒಂದು ಕತೆ ಹೇಳಿದರು.

ಕಡಲತೀರದ ಒಂದು ಊರಿನಲ್ಲಿ ಹೆಂಚಿನ ಕಾರ್ಖಾನೆಯಿತ್ತು. ಕಾರ್ಖಾನೆಗೆ ಒಂದು ಫುಟ್‌ಬಾಲ್ ತಂಡವಿತ್ತು. ತಂಡದಲ್ಲಿ ಇಬ್ಬರು ಗೋಲ್‌ಕೀಪರ್‌ಗಳು. ಮೊದಲನೆಯವನು ಫೆಲಿಕ್ಸ್, ಎರಡನೆಯವನು ಮೋನಪ್ಪ.

ಫೆಲಿಕ್ಸ್ ದೊಡ್ಡ ಆಟಗಾರ. ಅವನು ಇರುವವರೆಗೆ ಮೋನಪ್ಪನಿಗೆ ಬೆಂಚೇ ಗತಿ. ಎಂಟು ವರ್ಷ ಅವನು ಅಲ್ಲಿ ಕೂತ. ಲೆಕ್ಕಕ್ಕಿಲ್ಲದ ಸಣ್ಣ ಪಂದ್ಯಗಳಲ್ಲಿ ಆಗಾಗ ಆಡಿದ. ದಿನಾ ಬೆಳಗ್ಗೆ ಫೆಲಿಕ್ಸನಿಗೆ ಚೆಂಡು ಒದ್ದು ಅಭ್ಯಾಸ ಮಾಡಿಸುವುದು ಅವನ ಕೆಲಸವಾಗಿತ್ತು. ಅದನ್ನು ಅವನು ಬೇಸರವಿಲ್ಲದೆ ಮಾಡಿದ. ಊರಿನವರು, "ಪಾಪ, ಅವನಿಗೂ ಒಂದು ದಿನ ಬರುತ್ತದೆ" ಎನ್ನುತ್ತಿದ್ದರು.

ಆ ದಿನ ಬಂತು. ಜಿಲ್ಲೆಯ ಕಪ್ಪಿಗಾಗಿ ಅಂತಿಮ ಪಂದ್ಯ. ಅಂದು ಬೆಳಗಿನ ಅಭ್ಯಾಸದಲ್ಲಿ ಮೋನಪ್ಪ ಒದ್ದ ಚೆಂಡೇ ಫೆಲಿಕ್ಸನ ಎಡಗೈ ಬೆರಳನ್ನು ಹಿಂದಕ್ಕೆ ಮಡಿಸಿತು. ನೋಡನೋಡುತ್ತಿದ್ದಂತೆ ಬೆರಳು ಬಾತುಕೊಂಡಿತು. ಮೈದಾನದಲ್ಲಿ ಬೇರೆ ಯಾರೂ ಇರಲಿಲ್ಲ.

ಫೆಲಿಕ್ಸ್ ಹೇಳಿದ: "ಇದು ನನ್ನ ಕೊನೆಯ ಪಂದ್ಯ ಮಾರಾಯ. ಯಾರಿಗೂ ಹೇಳಬೇಡ. ಬಟ್ಟೆ ಬಿಗಿದು ಕಟ್ಟು, ನಾನು ಆಡುತ್ತೇನೆ."

ಮೋನಪ್ಪ ಕಟ್ಟಿದ. ಯಾರಿಗೂ ಹೇಳಲಿಲ್ಲ.

ಸಂಜೆ ಪಂದ್ಯ ನಡೆಯಿತು. ಮುಗಿಯಲು ಸ್ವಲ್ಪ ಹೊತ್ತಿರುವಾಗ ಎಡಕ್ಕೆ ಒಂದು ಚೆಂಡು ಬಂತು. ಅಂಥ ಬಿರುಸಿನ ಚೆಂಡೇನೂ ಅಲ್ಲ. ಫೆಲಿಕ್ಸ್ ಹಾರಿದ. ಚೆಂಡು ಆ ಬೆರಳಿಗೆ ತಾಗಿ ಒಳಗೆ ಹೋಯಿತು. ಅದೊಂದೇ ಗೋಲಿನಿಂದ ಕಾರ್ಖಾನೆಯ ತಂಡ ಸೋತಿತು.

ಫೆಲಿಕ್ಸ್ ಸುಳ್ಳು ಹೇಳುವ ಮನುಷ್ಯನಲ್ಲ. ಎಲ್ಲರೆದುರು ಬೆರಳು ತೋರಿಸಿ, "ತಪ್ಪು ನನ್ನದು. ಮೋನಪ್ಪನಿಗೆ ಗೊತ್ತಿತ್ತು. ಬಾಯಿಬಿಟ್ಟಿದ್ದರೆ ಇವತ್ತು ಅವನೇ ಆಡುತ್ತಿದ್ದ. ನನಗಾಗಿ ಬಿಟ್ಟುಕೊಟ್ಟ" ಎಂದ. ಸೋತ ಬೇಸರದಲ್ಲೂ ಜನ ಮೋನಪ್ಪನ ಬೆನ್ನು ತಟ್ಟಿದರು. ಇಂಥ ದೊಡ್ಡ ಮನಸ್ಸು ಯಾರಿಗುಂಟು ಎಂದರು.

ಮೋನಪ್ಪ ತಲೆ ತಗ್ಗಿಸಿ ನಿಂತಿದ್ದ. ಅದನ್ನೂ ಜನ ವಿನಯವೆಂದುಕೊಂಡರು.

ನಡೆದದ್ದು ಬೇರೆ. ಬಾತ ಬೆರಳನ್ನು ಕಂಡಾಗ ಮೋನಪ್ಪ ಹೆದರಿದ್ದ. ಸಾವಿರಾರು ಜನರೆದುರು ಇವತ್ತು ತಾನು ನಿಲ್ಲಬೇಕಲ್ಲ ಎಂದು ಬಾಯಿ ಒಣಗಿತ್ತು. ಯಾರಿಗೂ ಹೇಳಬೇಡ ಎಂದು ಫೆಲಿಕ್ಸ್ ಕೇಳಿಕೊಂಡಾಗ ಅವನಿಗೆ ಹೋದ ಉಸಿರು ಬಂದಂತಾಯಿತು. ಇದು ಅವನೊಬ್ಬನಿಗೇ ಗೊತ್ತಿತ್ತು.

ಆ ಪಂದ್ಯದೊಂದಿಗೇ ಫೆಲಿಕ್ಸ್ ಆಟ ಬಿಟ್ಟ. ಮೋನಪ್ಪ ಮೊದಲ ಗೋಲ್‌ಕೀಪರ್ ಆದ. ಐದಾರು ವರ್ಷ ಆಡಿದ. ಕೆಟ್ಟ ಆಟಗಾರನೇನೂ ಆಗಿರಲಿಲ್ಲ. ಆದರೆ ತಂಡ ಮತ್ತೆಂದೂ ಅಂತಿಮ ಪಂದ್ಯವನ್ನು ಮುಟ್ಟಲಿಲ್ಲ.

ಆಟ ಮುಗಿದ ಮೇಲೆ ಒಂದು ಹೆಣ್ಣುಮಕ್ಕಳ ಕಾಲೇಜಿನವರು ಅವನನ್ನು ಕೋಚ್ ಆಗಿ ಕರೆದರು. ಸ್ವಾರ್ಥವಿಲ್ಲದವನು ಎಂಬ ಹೆಸರು ಅವನಿಗಿತ್ತು, ಆ ಹೆಸರಿಗಾಗಿಯೇ ಕರೆದರು. ಅವನು ಒಪ್ಪಿಕೊಂಡ.

ಅವನು ಒಳ್ಳೆಯ ಕೋಚ್ ಆದ. ಎಂಟು ವರ್ಷ ಬೆಂಚಿನಲ್ಲಿ ಕೂತು ನೋಡಿದವನು. ಒದೆಯುವವರ ಪಾದ ಯಾವ ಕಡೆಗೆ ತಿರುಗುತ್ತದೆ, ಭುಜ ಯಾವಾಗ ಸುಳ್ಳು ಹೇಳುತ್ತದೆ ಎಂದು ಬಲ್ಲ. ಅದನ್ನೆಲ್ಲ ತಾಳ್ಮೆಯಿಂದ ಕಲಿಸಿದ. ಒಂದು ಕೊರತೆಯಿತ್ತು. ಎರಡನೆಯ ಗೋಲ್‌ಕೀಪರ್ ಯಾರೇ ಆಗಿರಲಿ, ಅವರೊಡನೆ ಅವನು ಹೆಚ್ಚು ಮಾತನಾಡುತ್ತಿರಲಿಲ್ಲ. ಅವರ ಮುಖವನ್ನು ನೋಡುವುದೇ ಅವನಿಗೆ ಕಷ್ಟವಾಗುತ್ತಿತ್ತು.

ಹೀಗೆ ವರ್ಷಗಳು ಕಳೆದವು. ಒಂದು ವರ್ಷ ಅವನ ತಂಡ ಕಾಲೇಜುಗಳ ಪಂದ್ಯಾವಳಿಯಲ್ಲಿ ಅಂತಿಮ ಪಂದ್ಯಕ್ಕೆ ಬಂತು. ಆ ಕಾಲೇಜು ಅಷ್ಟು ದೂರ ಬಂದದ್ದು ಅದೇ ಮೊದಲು. ಮೊದಲ ಗೋಲ್‌ಕೀಪರ್ ಲವೀನಾ. ಎರಡನೆಯವಳು ಹರಿಣಾಕ್ಷಿ.

ಪಂದ್ಯಕ್ಕೆ ಒಂದು ಗಂಟೆ ಇರುವಾಗ ಲವೀನಾ ಚೆಂಡನ್ನು ಒಂದೇ ಕೈಯಲ್ಲಿ ಹಿಡಿಯುತ್ತಿರುವುದು ಮೋನಪ್ಪನ ಕಣ್ಣಿಗೆ ಬಿತ್ತು. ಕರೆದು ಅಂಗಿಯ ತೋಳನ್ನು ಮೇಲೆತ್ತಿಸಿದ. ಮಣಿಕಟ್ಟು ಬಾತಿತ್ತು. ಹಿಂದಿನ ದಿನವೇ ಬಿದ್ದು ಪೆಟ್ಟು ಮಾಡಿಕೊಂಡಿದ್ದಳು. ಬಟ್ಟೆ ಕಟ್ಟಿದವಳು ಹರಿಣಾಕ್ಷಿ.

ಹರಿಣಾಕ್ಷಿ ಮುಂದೆ ಬಂದು ಹೇಳಿದಳು: "ಅವಳೇ ಆಡಲಿ ಸರ್. ಅವಳಿಗೆ ಇದು ಕೊನೆಯ ವರ್ಷ. ನಾನು ಬಿಟ್ಟುಕೊಡುತ್ತೇನೆ."

ತಂಡದವರ ಕಣ್ಣು ತುಂಬಿತು. ಒಬ್ಬಳು ಹರಿಣಾಕ್ಷಿಯ ಹೆಗಲು ಬಳಸಿ ನಿಂತಳು. ಮೋನಪ್ಪನಿಗೂ "ಒಳ್ಳೆಯ ಹುಡುಗಿ" ಎಂಬ ಮಾತು ನಾಲಗೆಯ ತುದಿಗೆ ಬಂತು. ಅವನು ಅದನ್ನು ಆಡಲಿಲ್ಲ. ಅವಳ ಮುಖವನ್ನು ನೋಡಿದ.

"ಅವಳೇ ಆಡುತ್ತಾಳೆ ಎಂದುಕೊಂಡಾಗ ನಿನ್ನ ಎದೆ ಭಾರವಾಯಿತೋ, ಹಗುರವಾಯಿತೋ?" ಎಂದು ಕೇಳಿದ.

ಅವಳು ಲವೀನಾಳ ಬಾತ ಮಣಿಕಟ್ಟನ್ನು ನೋಡಿದಳು. ಆಮೇಲೆ, "ಹಗುರವಾಯಿತು ಸರ್" ಎಂದಳು.

"ನನಗೂ ಹಾಗೇ ಆಗಿತ್ತು" ಎಂದ ಮೋನಪ್ಪ.

ಅಲ್ಲೇ, ಎಲ್ಲ ಹುಡುಗಿಯರ ಎದುರಿಗೆ, ಅವನು ಫೆಲಿಕ್ಸನ ಬೆರಳಿನ ಸಂಗತಿಯನ್ನು ಹೇಳಿದ. ಅದು ಅವರಿಗೆಲ್ಲ ಗೊತ್ತಿದ್ದ ಕತೆ. ಅವನು ಹೆದರಿದ್ದು, ಹೋದ ಉಸಿರು ಬಂದದ್ದು ಮಾತ್ರ ಗೊತ್ತಿರಲಿಲ್ಲ. ಇಪ್ಪತ್ತೆರಡು ವರ್ಷ ಇಟ್ಟುಕೊಂಡದ್ದನ್ನು ಹೇಳಲು ಅವನಿಗೆ ನಾಲ್ಕು ಮಾತು ಸಾಕಾಯಿತು. ಹೇಳಿ, ಹರಿಣಾಕ್ಷಿಯ ಕೈಗೆ ಗ್ಲೌಸ್ ಕೊಟ್ಟ.

ಲವೀನಾ ಅತ್ತಳು. ಅತ್ತು, ತಾನೇ ಅವಳ ಗ್ಲೌಸಿನ ಪಟ್ಟಿ ಬಿಗಿದಳು.

ಪಂದ್ಯ ಶುರುವಾಯಿತು. ನಾಲ್ಕನೆಯ ನಿಮಿಷದಲ್ಲೇ ಚೆಂಡು ಹರಿಣಾಕ್ಷಿಯ ಕಾಲುಗಳ ನಡುವೆ ನುಸುಳಿ ಗೋಲಾಯಿತು. ಜನ ನಕ್ಕರು. ಅವಳು ಕೋಚ್ ಕಡೆಗೆ ತಿರುಗಿ ನೋಡಿದಳು. ಮೋನಪ್ಪ ಅವಳನ್ನು ಹೊರಗೆ ಕರೆಯಲಿಲ್ಲ. ಅವಳು ಬಲೆಯೊಳಗಿಂದ ಚೆಂಡನ್ನು ಎತ್ತಿ ಹೊರಗೆ ಎಸೆದಳು.

ಆಮೇಲೆ ಅವಳು ಆಡಿದಳು. ಎರಡು ಸಲ ಮುನ್ನುಗ್ಗಿ ಚೆಂಡಿನ ಮೇಲೆ ಬಿದ್ದಳು. ಮೊಣಕೈ ತರಚಿ ರಕ್ತ ಬಂತು. ಒಂದು ಪೆನಾಲ್ಟಿಯನ್ನು ತಡೆದಳು. ಅವಳ ತಂಡದವರು ಒಂದು ಗೋಲು ಹೊಡೆದು ಸಮ ಮಾಡಿದರು. ಕೊನೆಯ ಗಳಿಗೆಯಲ್ಲಿ ದೂರದಿಂದ ಬಂದ ಒಂದು ಚೆಂಡು ಅವಳ ಬೆರಳ ತುದಿ ದಾಟಿ ಮೂಲೆಗೆ ಹೋಯಿತು. ತಂಡ ಸೋತಿತು.

ಕಾಲೇಜಿನವರಿಗೆ ಸಿಟ್ಟು ಬಂತು. ಒಂದು ಕೈಯ ಲವೀನಾ ಆಡಿದ್ದರೂ ಇದಕ್ಕಿಂತ ಮೇಲಿತ್ತು ಎಂದರು. ಕೋಚ್ ತನ್ನ ಹಳೆಯ ಅಳುಕನ್ನು ಮಕ್ಕಳೆದುರು ಹೇಳಿಕೊಂಡದ್ದೂ ಅವರ ಕಿವಿಗೆ ಬಿತ್ತು. ಮುಂದಿನ ವರ್ಷಕ್ಕೆ ಬೇರೆ ಕೋಚನ್ನು ನೋಡಿಕೊಂಡರು.

ಪಂದ್ಯದ ದಿನ, ಮೈದಾನ ಖಾಲಿಯಾದ ಮೇಲೆ ಹರಿಣಾಕ್ಷಿ ಗೋಲುಕಂಬಕ್ಕೆ ಒರಗಿ ಕೂತು ಅತ್ತಳು. ಮೋನಪ್ಪ ಪಕ್ಕದಲ್ಲಿ ನಿಂತಿದ್ದ. ಅಳು ನಿಂತ ಮೇಲೆ ಅವಳು ಮುಖ ಒರೆಸಿಕೊಂಡು ಕೇಳಿದಳು: "ನಾಳೆ ಅಭ್ಯಾಸ ಎಷ್ಟು ಗಂಟೆಗೆ ಸರ್?"

ಮರುದಿನ ಅಭ್ಯಾಸ ಮುಗಿಸಿ ಮೋನಪ್ಪ ಫೆಲಿಕ್ಸನ ಮನೆಗೆ ಹೋದ. ಫೆಲಿಕ್ಸನಿಗೆ ವಯಸ್ಸಾಗಿತ್ತು. ಆ ಬೆರಳು ಸೊಟ್ಟಗೇ ಉಳಿದಿತ್ತು. ಮೋನಪ್ಪ ಎಲ್ಲವನ್ನೂ ಹೇಳಿದ. ಬೈಸಿಕೊಳ್ಳಲು ಸಿದ್ಧನಾಗಿಯೇ ಬಂದಿದ್ದ.

ಫೆಲಿಕ್ಸ್ ಬೈಯಲಿಲ್ಲ. ಸೊಟ್ಟ ಬೆರಳನ್ನು ನೋಡಿ ಕೇಳಿದ: "ಅವತ್ತು ನೀನು ಆಡಿದ್ದರೆ ಆ ಚೆಂಡನ್ನು ಹಿಡಿಯುತ್ತಿದ್ದೆಯಾ?"

"ಗೊತ್ತಿಲ್ಲ ಫೆಲಿಕ್ಸಣ್ಣ."

"ನನಗೂ ಗೊತ್ತಿಲ್ಲ" ಎಂದ ಫೆಲಿಕ್ಸ್. "ಅದೊಂದನ್ನು ತಿಳಿಯದೆಯೇ ಇಬ್ಬರೂ ಮುದುಕರಾದೆವಲ್ಲ ಮಾರಾಯ."

ಗುರುಗಳು ಅಲ್ಲಿಗೆ ನಿಲ್ಲಿಸಿದರು.

ಶಿಷ್ಯನಿಗೆ ಸಮಾಧಾನವಾಗಲಿಲ್ಲ. "ಗುರುಗಳೇ, ಅವನು ಬಿಟ್ಟುಕೊಟ್ಟಾಗಲೂ ತಂಡ ಸೋತಿತು, ಅವಳು ಆಡಿದಾಗಲೂ ಸೋತಿತು. ಎರಡಕ್ಕೂ ವ್ಯತ್ಯಾಸವೇನು ಬಂತು?" ಎಂದು ಕೇಳಿದ.

ಗುರುಗಳು ಹೇಳಿದರು: "ಹರಿಣಾಕ್ಷಿ ಆಟದಲ್ಲಿ ಸೋತಳು, ಮೋನಪ್ಪ ಸೋತಾಗ ಅವನು ಆಟಕ್ಕೇ ಇಳಿದಿರಲಿಲ್ಲ."