ಮೂರನೆಯ ಬೆರಳು

ಈ ಕಥೆಯನ್ನು ನನಗೆ ಮೊದಲು ಹೇಳಿದವರು ನಮ್ಮ ಸೋದರಮಾವ ಅಡಿವೆಪ್ಪನವರು. ಸೋಮವಾರದ ಪೂಜೆ ಮುಗಿಸಿ, ಹಣೆಯ ವಿಭೂತಿ ಇನ್ನೂ ಹಸಿಯಾಗಿರುವಾಗ ಹೇಳುತ್ತಿದ್ದರು. ಬಾವಿಯ ಕಟ್ಟೆಯ ಮೇಲೆ ಕುಳಿತು ಮಾತ್ರ ಎಂದೂ ಹೇಳಲಿಲ್ಲ. ಯಾಕೆ ಮಾವ ಎಂದು ಕೇಳಿದರೆ, "ಮೊದಲು ಕಥೆ ಕೇಳು, ಆಮೇಲೆ ನೀನೂ ಅಲ್ಲಿ ಕೂರುವುದಿಲ್ಲ" ಎನ್ನುತ್ತಿದ್ದರು. ಅವರಿಗೆ ಹೇಳಿದವರು ಯಾರೋ ನನಗೆ ತಿಳಿಯದು. ಕೇಳಿದ್ದನ್ನು ಕೇಳಿದ ಹಾಗೆ ಬರೆಯುತ್ತೇನೆ.

ಒಂದು ಕಲ್ಲುಗುಡ್ಡ. ಅದರ ಬುಡದಲ್ಲಿ ಒಂದು ಆಶ್ರಮ. ಆಶ್ರಮವೆಂದರೆ ಒಂದು ಲಿಂಗದ ಗುಡಿ, ಒಂದು ಕುಲುಮೆ, ಒಂದು ಬಾವಿ.

ಗುರುಗಳ ಹೆಸರು ಮೋನಯ್ಯ. ಅವರ ಕುಲಕಸುಬು ಕಮ್ಮಾರಿಕೆ. ಬೆಳಿಗ್ಗೆ ಲಿಂಗಕ್ಕೆ ನೀರೆರೆಯುತ್ತಿದ್ದರು, ಹಗಲು ಕಬ್ಬಿಣ ಬಡಿಯುತ್ತಿದ್ದರು. ಎರಡು ಕೆಲಸಕ್ಕೂ ಸ್ನಾನ ಮಾಡಿಯೇ ಕೂರುತ್ತಿದ್ದರು.

ಶಿಷ್ಯನ ಹೆಸರು ಕಾಳಪ್ಪ. ಕುಲುಮೆಗೆ ಗಾಳಿ ಊದುವ ತಿದಿ ಒತ್ತುವುದರಲ್ಲೇ ಕೆಲವು ವರ್ಷ ಕಳೆದು, ಆಗಷ್ಟೇ ಉಳಿ ಮಾಡುವುದನ್ನು ಕಲಿತಿದ್ದ. ಉಕ್ಕನ್ನು ಕೆಂಪಗೆ ಕಾಯಿಸಿ ತಣ್ಣೀರಿಗೆ ಅದ್ದಿದರೆ ಅದು ಕಲ್ಲನ್ನೇ ಕಡಿಯುವಷ್ಟು ಗಡುಸಾಗುತ್ತದೆ. ಕೈಗೆ ಹೊಸದಾಗಿ ಬಂದ ವಿದ್ಯೆ. ಅದರ ಮೇಲೆ ಅವನಿಗೆ ಬಹಳ ಪ್ರೀತಿ.

ಆ ವರ್ಷ ಬಾವಿಯ ನೀರು ತಳ ಸೇರಿತ್ತು. ಆಳ ಮಾಡಲು ಚೌಡಪ್ಪ ಎಂಬವನು ಬಂದಿದ್ದ. ಬಾವಿಯ ಬಾಯಿಗೆ ಅಡ್ಡವಾಗಿ ಒಂದು ತೊಲೆ. ತೊಲೆಗೆ ಕಬ್ಬಿಣದ ಕೊಕ್ಕೆ. ಕೊಕ್ಕೆಗೆ ರಾಟೆ, ರಾಟೆಯ ಮೇಲೆ ಹಗ್ಗ, ಹಗ್ಗದ ತುದಿಗೆ ಬುಟ್ಟಿ. ಕಡಿದ ಕಲ್ಲು ಮೇಲೆ ಬರುವುದೂ ಆ ಬುಟ್ಟಿಯಲ್ಲೇ, ಚೌಡಪ್ಪ ಇಳಿಯುವುದೂ ಹತ್ತುವುದೂ ಆ ಬುಟ್ಟಿಯಲ್ಲೇ. ಹಗ್ಗ ಎಳೆಯುವವರು ಅವನ ಹೆಂಡತಿ ಹಂಪವ್ವ, ಅವಳ ತಮ್ಮ ಮಾರೆಪ್ಪ.

ಕೊಕ್ಕೆಯನ್ನು ಮಾಡಿಕೊಟ್ಟವರು ಗುರುಗಳು. ಮೆದು ಕಬ್ಬಿಣದ್ದು. ಕಲ್ಲಿನ ಭಾರಕ್ಕೆ ಅದು ದಿನದಿಂದ ದಿನಕ್ಕೆ ಸ್ವಲ್ಪ ಸ್ವಲ್ಪವೇ ಬಿಚ್ಚಿಕೊಳ್ಳುತ್ತಿತ್ತು.

ಚೌಡಪ್ಪ ಇಳಿಯುವ ಮುನ್ನ ದಿನಾ ಕೊಕ್ಕೆಯನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಳ್ಳುತ್ತಿದ್ದ. ಆಮೇಲೆ ಅದರ ಸಂದಿನಲ್ಲಿ ಬೆರಳು ಇಟ್ಟು ನೋಡುತ್ತಿದ್ದ. ಎರಡು ಬೆರಳು ಹಿಡಿಸಿದರೆ ಇಳಿಯುತ್ತಿದ್ದ. ಮೂರನೆಯ ಬೆರಳೂ ಹೋದರೆ ಇಳಿಯುತ್ತಿರಲಿಲ್ಲ. ಕೊಕ್ಕೆಯನ್ನು ಬಿಚ್ಚಿ ಕುಲುಮೆಗೆ ತರುತ್ತಿದ್ದ. ಗುರುಗಳು ಕಾಯಿಸಿ, ಬಡಿದು, ಮತ್ತೆ ಎರಡು ಬೆರಳಿಗೆ ತಂದು ಕೊಡುತ್ತಿದ್ದರು.

ಒಮ್ಮೆ ಗುರುಗಳು ಜ್ವರ ಬಂದು ಮಲಗಿದರು. ಅದೇ ಸಮಯಕ್ಕೆ ಚೌಡಪ್ಪ ಕೊಕ್ಕೆ ಹಿಡಿದು ಬಂದ.

"ಏನೋ ಸಣ್ಣಾಚಾರಿ, ನಿಮ್ಮ ಕೊಕ್ಕೆ ಮತ್ತೆ ಸೋತೈತೆ ನೋಡು. ಮುದುಕನ ಸೊಂಟ ಆದರೂ ಇದಕ್ಕಿಂತ ನೆಟ್ಟಗೆ ನಿಂತಾತು."

"ಹೋದ ವಾರ ತಾನೇ ಸರಿ ಮಾಡಿದ್ದೆವಲ್ಲ ಚೌಡಪ್ಪ?"

"ಮಾಡಿದ್ರಿ. ನಾ ಕಲ್ಲು ಕಡೀತೀನಿ, ನೀವು ಕೊಕ್ಕೆ ಬಡೀತೀರಿ. ಬಾವಿ ಮುಗಿಯೋದ್ರೊಳಗೆ ನನಗೂ ಮೊಮ್ಮಕ್ಕಳು, ನಿನಗೂ ಮೊಮ್ಮಕ್ಕಳು."

ಚೌಡಪ್ಪ ನಕ್ಕ. ಕಾಳಪ್ಪ ನಗಲಿಲ್ಲ.

"ಇವತ್ತು ಬಿಡುವು ಮಾಡಿಕೋ. ನಾಳೆ ಸಂಜೆ ಬಾ. ಬಾಗದ ಕೊಕ್ಕೆ ಕೊಡುತ್ತೇನೆ."

ಹಳೆಯ ಕೊಕ್ಕೆಯನ್ನು ಮೂಲೆಗೆ ಎಸೆದ. ಉಳಿಗೆಂದು ಎತ್ತಿಟ್ಟಿದ್ದ ಉಕ್ಕನ್ನು ತೆಗೆದ. ಕಾಯಿಸಿ, ಬಡಿದು, ಬಾಗಿಸಿ, ಉಳಿಯ ಬಾಯಿಗೆ ಮಾಡುವ ಹಾಗೇ ಇಡೀ ಕೊಕ್ಕೆಯನ್ನು ತಣ್ಣೀರಿಗೆ ಅದ್ದಿದ. ನೀರು ಭುಸುಗುಟ್ಟಿತು. ಆ ಭುಸುಗುಟ್ಟುವಿಕೆಯ ನಡುವೆ ಟಿಣ್ ಎಂದು ಸಣ್ಣದೊಂದು ಸದ್ದು ಬಂತು. ನೀರಿನದೇ ಇರಬೇಕು ಎಂದುಕೊಂಡ.

ಮಾರನೆಯ ದಿನ ಕೊಕ್ಕೆಗೆ ಮೂರು ಬುಟ್ಟಿ ಕಲ್ಲು ತೂಗುಹಾಕಿ ಸಂಜೆಯವರೆಗೂ ಬಿಟ್ಟ. ಕೂದಲೆಳೆಯಷ್ಟೂ ಬಿಚ್ಚಲಿಲ್ಲ.

ಚೌಡಪ್ಪ ಬೆರಳು ಇಟ್ಟು ನೋಡಿದ. ಎರಡೇ ಬೆರಳು.

"ಶಹಬ್ಬಾಸ್, ಸಣ್ಣಾಚಾರಿ! ಇನ್ನು ಸಣ್ಣಾಚಾರಿ ಅನ್ನಂಗಿಲ್ಲ, ದೊಡ್ಡಾಚಾರಿ ಅನ್ನಬೇಕು."

"ಗುರುಗಳಿಗೆ ಹೇಳಬೇಡ. ಮೈ ಚೇತರಿಸಿಕೊಂಡು ಎದ್ದಾಗ ಅವರೇ ನೋಡಲಿ."

ಮರುದಿನವೂ ಎರಡು ಬೆರಳು. ಅದರ ಮರುದಿನವೂ ಎರಡು ಬೆರಳು. ಕೆಲವು ದಿನ ಕಳೆದ ಮೇಲೆ ಚೌಡಪ್ಪ ಬೆರಳು ಇಟ್ಟು ನೋಡುವುದನ್ನೇ ಬಿಟ್ಟ.

ಜ್ವರ ಇಳಿಯಿತು. ಗುರುಗಳು ಕಂಬಳಿ ಹೊದ್ದು ಎದ್ದು ಕುಳಿತು ಗಂಜಿ ಕುಡಿದರು.

"ಕಾಳಪ್ಪ, ಚೌಡಪ್ಪ ಕೊಕ್ಕೆ ತಂದು ಎಷ್ಟು ದಿನವಾಯಿತು? ನನ್ನ ಕಿವಿಗೆ ಅವನ ಮಾತೇ ಬೀಳಲಿಲ್ಲ."

"ಇನ್ನು ತರಬೇಕಾಗಿಲ್ಲ, ಗುರುಗಳೆ."

"ಬಾವಿ ಮುಗಿಯಿತೆ?"

"ಇಲ್ಲ. ಕೊಕ್ಕೆ ಈಗ ಬಾಗುವುದಿಲ್ಲ."

ಗುರುಗಳು ಗಂಜಿಯ ಬಟ್ಟಲನ್ನು ಕೆಳಗಿಟ್ಟರು.

"ಯಾವ ಕಬ್ಬಿಣ?"

"ಉಳಿಯ ಉಕ್ಕು."

"ನೀರಿಗೆ ಅದ್ದಿದೆಯಾ?"

"ಅದ್ದಿದೆ. ಚೆನ್ನಾಗಿ ಅದ್ದಿದೆ."

"ಚೌಡಪ್ಪ ಎಲ್ಲಿದ್ದಾನೆ?"

"ಬಾವಿಯಲ್ಲಿ."

"ಓಡು. ಅವನನ್ನು ಮೇಲೆ ತೆಗೆಸು."

ಕಾಳಪ್ಪನಿಗೆ ಏನೂ ಅರ್ಥವಾಗಲಿಲ್ಲ. ಗುರುಗಳ ಮುಖ ನೋಡಿ ಓಡಿದ. ಬಾವಿ ಕಣ್ಣಿಗೆ ಬಿದ್ದಾಗ ಹಂಪವ್ವನೂ ಮಾರೆಪ್ಪನೂ ಹಗ್ಗ ಎಳೆಯುತ್ತಿದ್ದರು. ಬುಟ್ಟಿಯಲ್ಲಿ ಚೌಡಪ್ಪ ಆಗಲೇ ಅರ್ಧ ದಾರಿ ಹತ್ತಿದ್ದ. ಅವನು ಕೆಳಗಿನಿಂದ ಏನೋ ತಮಾಷೆ ಮಾಡಿದ್ದಕ್ಕೆ ಹಂಪವ್ವ ನಗುತ್ತಿದ್ದಳು.

"ಎಳೀರಿ!" ಎಂದು ಕಾಳಪ್ಪ ದೂರದಿಂದಲೇ ಕೂಗಿದ. "ಬೇಗ ಎಳೀರಿ! ಮೇಲಕ್ಕೆ ತೆಗೀರಿ ಅವನನ್ನ!"

ಆ ದನಿಗೆ ಇಬ್ಬರೂ ಬೆಚ್ಚಿದರು. ಮೈಯಲ್ಲಿದ್ದ ಬಲವನ್ನೆಲ್ಲ ಹಾಕಿ ಹಗ್ಗವನ್ನು ಒಮ್ಮೆಗೇ ಜಗ್ಗಿದರು.

ಕೊಕ್ಕೆ ಗಾಜಿನ ಹಾಗೆ ಮುರಿಯಿತು.

ರಾಟೆ, ಹಗ್ಗ, ಬುಟ್ಟಿ, ಎಲ್ಲವೂ ಒಟ್ಟಿಗೆ ಹೋದವು. ಹಂಪವ್ವ ಹಗ್ಗ ಬಿಡಲಿಲ್ಲ. ಹಗ್ಗ ಅವಳ ಅಂಗೈಯ ಚರ್ಮವನ್ನು ಕಿತ್ತುಕೊಂಡು ಹೋಯಿತು.

ಕೆಳಗಿನಿಂದ ಒಂದು ಸದ್ದು ಬಂತು. ಆಮೇಲೆ ಯಾವ ಸದ್ದೂ ಬರಲಿಲ್ಲ.

ಗುರುಗಳು ಕೋಲೂರಿಕೊಂಡು ಬಂದರು. ಬಾವಿಯೊಳಗೆ ಇಣುಕಿ ಚೌಡಪ್ಪನ ಹೆಸರು ಹಿಡಿದು ಕರೆದರು. ಮತ್ತೆ ಕರೆದರು. ಕಾಳಪ್ಪ ನೆಲದ ಮೇಲೆ ಕುಸಿದು ಕುಳಿತಿದ್ದ.

"ಹಳೆಯ ಕೊಕ್ಕೆ ಎಲ್ಲಿದೆ?" ಎಂದರು ಗುರುಗಳು.

"ಮೂಲೆಯಲ್ಲಿ."

"ತಿದಿ ಒತ್ತು, ಏಳು."

ಕಾಳಪ್ಪ ತಿದಿ ಒತ್ತಿದ. ಗುರುಗಳು ಕೊಕ್ಕೆಯನ್ನು ಕಾಯಿಸಿ, ಬಡಿದು ಎರಡು ಬೆರಳಿಗೆ ತಂದರು. ಗುಡಿಯಲ್ಲಿದ್ದ ಹಳೆಯ ರಾಟೆಯನ್ನೂ ಬೇರೆ ಹಗ್ಗವನ್ನೂ ಬುಟ್ಟಿಯನ್ನೂ ತರಿಸಿದರು. ಕೊಕ್ಕೆಯನ್ನು ತೊಲೆಗೆ ತಾವೇ ಹಾಕಿದರು.

"ಇಳಿ. ಅವನನ್ನು ಬುಟ್ಟಿಯಲ್ಲಿ ಕೂರಿಸಿ ಕಳಿಸು."

"ನಾನೇ?"

"ಇನ್ಯಾರು?"

ಕಾಳಪ್ಪ ಇಳಿದ. ತಳದಲ್ಲಿ ಮೊಣಕಾಲಿನಷ್ಟು ನೀರಿತ್ತು. ಚೌಡಪ್ಪನನ್ನು ಎತ್ತಿ, ತನ್ನ ಪಂಚೆ ಬಿಚ್ಚಿ, ಬುಟ್ಟಿಗೆ ಸೇರಿಸಿ ಕಟ್ಟಿದ. ಸತ್ತವನ ಮೈ ಭಾರ, ನೀರು ಕುಡಿದ ಬಟ್ಟೆಯ ಭಾರ.

ಮೇಲೆ ಮಾರೆಪ್ಪ ಎಳೆದ. ಹಂಪವ್ವನೂ ಎಳೆದಳು. ಬೇಡ ತಾಯಿ ಎಂದರೂ ಅವಳು ಕೇಳಲಿಲ್ಲ. ಹಗ್ಗ ಕೆಂಪಾಯಿತು. ಗುರುಗಳು ಕೊಕ್ಕೆಯ ಮೇಲಿಂದ ಕಣ್ಣು ತೆಗೆಯಲಿಲ್ಲ.

ಚೌಡಪ್ಪನನ್ನು ಕಟ್ಟೆಯ ಪಕ್ಕದಲ್ಲಿ ಮಲಗಿಸಿದರು. ಗುರುಗಳು ಕೊಕ್ಕೆಯ ಸಂದಿನಲ್ಲಿ ಬೆರಳು ಇಟ್ಟು ನೋಡಿದರು.

"ಕಾಳಪ್ಪ!"

"ಗುರುಗಳೆ!"

"ಮೂರನೆಯ ಬೆರಳು ಹೋಗುತ್ತಿದೆ."

ಕೆಳಗೆ ನೀರು ಕಲಕಿದ ಸದ್ದಾಯಿತು.

"ಕೇಳಿಸಿತೆ?"

"ಕೇಳಿಸಿತು. ನಾನು ಚೌಡಪ್ಪನಷ್ಟು ಭಾರ ಇಲ್ಲ, ಗುರುಗಳೆ. ಎಳೆದುಬಿಡಿ."

"ಕೊಕ್ಕೆ ಬೇಡ ಅನ್ನುತ್ತಿದೆ."

"ಇಲ್ಲಿ ಇರಲಾರೆ, ಗುರುಗಳೆ. ನೀರೆಲ್ಲ ಅವನ ರಕ್ತ."

"ಇರು."

ಗುರುಗಳು ಕೊಕ್ಕೆ ಬಿಚ್ಚಿಕೊಂಡು ಹೋದರು. ಕಾಳಪ್ಪ ನೀರಿನಲ್ಲಿ ನಿಂತೇ ಇದ್ದ. ಕಾಲಿಗೆ ಏನೋ ತಗುಲಿತು. ಬಗ್ಗಿ ಎತ್ತಿಕೊಂಡ. ತಾನು ಮಾಡಿದ ಕೊಕ್ಕೆಯ ಅರ್ಧ ತುಂಡು. ಮೇಲಿನಿಂದ ಸುತ್ತಿಗೆಯ ಸದ್ದು ಬರುತ್ತಿತ್ತು, ನಿಧಾನವಾಗಿ, ಜ್ವರದ ಕೈಯ ಪೆಟ್ಟು. ಒಂದೊಂದು ಪೆಟ್ಟಿನ ನಡುವೆಯೂ ಹಂಪವ್ವನ ಅಳು ಕೇಳುತ್ತಿತ್ತು.

ಅವನನ್ನು ಮೇಲೆ ತೆಗೆಯುವ ಹೊತ್ತಿಗೆ ಬಿಸಿಲು ಗುಡ್ಡದ ಆಚೆ ಹೋಗಿತ್ತು.

ಹಂಪವ್ವ ಗಂಡನ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡು ಕುಳಿತಿದ್ದಳು. ಅಂಗೈಗಳಿಗೆ ಅರಿಸಿನ ಮೆತ್ತಿದ್ದರು. ಅವಳು ಕಾಳಪ್ಪನನ್ನು ಬೈಯಲಿಲ್ಲ.

"ದಿನಾ ಬೆರಳಿಟ್ಟು ನೋಡೋನು, ಯಪ್ಪಾ," ಎಂದಳು. "ಹೊಸದು ಬಂದ ಮ್ಯಾಲೆ ನಾನೇ ಅಂದೆ, ಎಷ್ಟು ಸಲ ನೋಡ್ತಿ, ಅದು ಇದ್ದಂಗೇ ಇರ್ತೈತಲ್ಲ ಅಂತ. ಬೆಳಿಗ್ಗೆ ಇದ್ದಂಗೇ ಇತ್ತು. ಒಂದು ಗುರುತಾದ್ರೂ ತೋರಿಸಬಾರದಿತ್ತಾ ಅದು?"

ಕಾಳಪ್ಪ ಗುರುಗಳತ್ತ ತಿರುಗಿದ. ಕೈಯಲ್ಲಿದ್ದ ತುಂಡನ್ನು ಗುರುಗಳ ಮುಂದೆ ಹಿಡಿದ.

ಗುರುಗಳು ಅದನ್ನು ಬೆಳಕಿಗೆ ತಿರುಗಿಸಿ ನೋಡಿದರು. ಮುರಿದ ಮುಖ ಕಲ್ಲುಸಕ್ಕರೆಯ ಹಾಗೆ ಹರಳು ಹರಳಾಗಿ ಹೊಳೆಯುತ್ತಿತ್ತು. ಒಂದು ಅಂಚಿನಲ್ಲಿ ಮಾತ್ರ ಉಗುರಿನಷ್ಟು ಕಪ್ಪು.

"ಈ ಹೊಳೆಯುವುದು ಇವತ್ತು ಮುರಿದದ್ದು. ಈ ಕಪ್ಪು ಯಾವತ್ತಿನದು?"

"ತಿಳಿಯದು."

"ನೀರಿಗೆ ಅದ್ದಿದಾಗ ಏನಾದರೂ ಸದ್ದು ಬಂತೆ?"

ಕಾಳಪ್ಪ ಆ ಕಪ್ಪು ಅಂಚಿನ ಮೇಲೆ ಬೆರಳಾಡಿಸಿದ.

"ಬಂತು. ಸಣ್ಣದು. ನೀರಿನದು ಅಂದುಕೊಂಡೆ."

"ಅಷ್ಟು ಗಡುಸಾದದ್ದು ಬಾಗದು, ಸೀಳುತ್ತದೆ. ಅವತ್ತೇ ಸೀಳಿದೆ. ನಿನ್ನ ಕೈಯಿಂದ ಹೋಗುವಾಗಲೇ ಇದರೊಳಗೆ ಗಾಯವಿತ್ತು."

"ಮೂರು ಬುಟ್ಟಿ ಕಲ್ಲು ಹೊತ್ತಿತ್ತು, ಗುರುಗಳೆ. ಪರೀಕ್ಷೆ ಮಾಡಿಯೇ ಕೊಟ್ಟೆ."

"ಕಲ್ಲುಗಳನ್ನು ಹೇಗೆ ಹಾಕಿದೆ?"

"ಒಂದೊಂದಾಗಿ. ನಿಧಾನವಾಗಿ."

"ಬಾವಿಯಲ್ಲಿ ಮನುಷ್ಯ ಸಿಕ್ಕಿಕೊಂಡಾಗ ಹಗ್ಗವನ್ನು ಯಾರು ನಿಧಾನವಾಗಿ ಎಳೆಯುತ್ತಾರೆ?"

ಕಾಳಪ್ಪ ಅತ್ತ. ಗುರುಗಳು ತಡೆಯಲಿಲ್ಲ.

"ನಾನು ಕೂಗದೆ ಇದ್ದಿದ್ದರೆ?" ಎಂದ ಅವನು ಕೊನೆಗೆ. "ಕೂಗದೆ ಇದ್ದಿದ್ದರೆ ಅವನು ಹತ್ತಿ ಬರುತ್ತಿದ್ದ."

"ಇವತ್ತು ಬರುತ್ತಿದ್ದ."

"ನೀವು ಓಡು ಅಂದಿರಿ."

"ಅಂದೆ. ಮೆಲ್ಲಗೆ ಎಳೆಸು ಅನ್ನಲಿಲ್ಲ. ಅದು ನನ್ನ ಪಾಲು. ನಾನು ಹೊರುತ್ತೇನೆ. ನಿನ್ನದನ್ನು ನನಗೆ ಕೊಡಬೇಡ."

ಊರಿನವರು ಬಂದರು. ಚಟ್ಟ ಕಟ್ಟಿದರು. ಚೌಡಪ್ಪನನ್ನು ಗುಡ್ಡದ ತೆಂಕಣ ಬದಿಯಲ್ಲಿ ಮಣ್ಣು ಮಾಡಿದರು. ಅಲ್ಲೂ ಕಲ್ಲುನೆಲ. ಅವನ ಉಳಿಗಳಿಂದಲೇ ಗುಂಡಿ ತೋಡಿದರು. ಆ ಉಳಿಗಳೂ ಕಾಳಪ್ಪ ಮಾಡಿದವೇ. ಒಂದರ ಬಾಯಿಯೂ ಮೊಂಡಾಗಲಿಲ್ಲ.

ಕರ್ಮಗಳೆಲ್ಲ ಮುಗಿದ ಮೇಲೆ ಕಾಳಪ್ಪ ತನ್ನ ಬಟ್ಟೆಯ ಗಂಟು ಹಿಡಿದು ಗುರುಗಳ ಎದುರು ನಿಂತ.

"ಅಪ್ಪಣೆ ಕೊಡಿ. ಇನ್ನು ಕಬ್ಬಿಣ ಮುಟ್ಟುವುದಿಲ್ಲ."

"ಮುಟ್ಟದೆ ಏನು ಮಾಡುತ್ತೀ?"

"ಎಲ್ಲಾದರೂ ಕೂತು ಶಿವನಾಮ ಹೇಳುತ್ತೇನೆ."

"ಬಾವಿ ಇನ್ನೂ ಮುಗಿದಿಲ್ಲ. ನಾಳೆಯಿಂದ ಮಾರೆಪ್ಪ ಇಳಿಯುತ್ತಾನೆ. ಅಕ್ಕನ ಅನ್ನ ನಡೆಯಬೇಕಲ್ಲ. ಅವನಿಗೆ ಬೆರಳು ಇಟ್ಟು ನೋಡುವ ಅಭ್ಯಾಸ ಇಲ್ಲ."

"ನೀವು ನೋಡಬಹುದಲ್ಲ."

"ನನ್ನ ಬೆರಳು ಮುದಿಯಾಗಿ ದಪ್ಪಗಾಗಿವೆ. ಅಳತೆ ತಪ್ಪುತ್ತದೆ."

ಕಾಳಪ್ಪ ತನ್ನ ಬೆರಳುಗಳನ್ನು ನೋಡಿಕೊಂಡ. ಆಮೇಲೆ ಗಂಟನ್ನು ಕೆಳಗೆ ಇಟ್ಟ.

ಮರುದಿನ ಬೆಳಿಗ್ಗೆ ಅವನು ಸ್ನಾನ ಮಾಡಿ ಬಾವಿಗೆ ಹೋದ. ತೊಲೆಯ ಮೇಲೆ ಬಗ್ಗಿ, ಹಳೆಯ ಕೊಕ್ಕೆಯನ್ನು ಮುಟ್ಟಿ ಕಣ್ಣಿಗೆ ಒತ್ತಿಕೊಂಡ. ಸಂದಿನಲ್ಲಿ ಬೆರಳು ಇಟ್ಟ.  ತೆಗೆದು ಮತ್ತೆ ಇಟ್ಟು ನೋಡಿದ. ಹಂಪವ್ವ, ಅಂಗೈಗೆ ಬಟ್ಟೆ ಸುತ್ತಿಕೊಂಡು, ಹಗ್ಗ ಹಿಡಿದು ಅವನ ಮುಖವನ್ನೇ ನೋಡುತ್ತಿದ್ದಳು.

"ಎಷ್ಟು?" ಎಂದಳು.

"ಎರಡು, ಅಕ್ಕಾ."

"ಇನ್ನೊಂದು ಸಲ ನೋಡು."

ಇನ್ನೊಂದು ಸಲ ನೋಡಿದ. ಎರಡೇ ಬೆರಳು. ಮಾರೆಪ್ಪ ಇಳಿದ.

ಸಂಜೆ ಅವನು ಸುರಕ್ಷಿತವಾಗಿ ಮೇಲೆ ಬಂದ ಮೇಲೆ ಕಾಳಪ್ಪ ಕುಲುಮೆಗೆ ಹಿಂತಿರುಗಿದ. ಮುರಿದ ತುಂಡು ಕಬ್ಬಿಣ ಬಡಿಯುವ ಅಡಿಗಲ್ಲಿನ ಪಕ್ಕದಲ್ಲಿ ಹಾಗೇ ಬಿದ್ದಿತ್ತು.

"ಇದನ್ನು ಎಲ್ಲಿ ಹೂಳಲಿ, ಗುರುಗಳೆ?"

"ಹೂಳಬೇಡ. ಬಾಗಿಲಿಗೆ ತೂಗುಹಾಕು."

"ಬಂದವರೆಲ್ಲ ಇದೇನು ಅಂತ ಕೇಳುತ್ತಾರೆ."

"ಕೇಳಲಿ. ಕೇಳಿದವರಿಗೆಲ್ಲ ಹೇಳು. ಚೌಡಪ್ಪನ ಹೆಸರು ಬಿಡದೆ ಹೇಳು."

"ಎಷ್ಟು ದಿನ ಹೇಳಲಿ?"

ಗುರುಗಳು ಕುಲುಮೆಯ ಬೆಂಕಿಗೆ ಬೂದಿ ಮುಚ್ಚಿದರು.

"ಹೇಳುವಾಗ ಗಂಟಲು ಕಟ್ಟದ ದಿನವೊಂದು ಬಂದರೆ, ಆ ದಿನ ನೀನು ನಿಲ್ಲಿಸು. ಮುಂದೆ ನೀನು ಹೇಳು ಅಂತ ಈ ಕಥೆಯನ್ನು ಇನ್ನೊಬ್ಬನ ಕೈಗೆ ಕೊಡು."