ಮುಚ್ಚಿದ ಬಾಯಿಯ ಸಾಕ್ಷಿ

"ಗುರುಗಳೇ, ಸಣ್ಣವನೊಬ್ಬನ ಮಾತಿನಿಂದ ಏನಾಗುತ್ತದೆ?" ಎಂದು ಶಿಷ್ಯ ಅಡಿವಯ್ಯ ಕೇಳಿದ.

ಮಠದ ಉಗ್ರಾಣದಲ್ಲಿ ತುಪ್ಪದ ಡಬ್ಬಿಗಳು ಕಾಣೆಯಾಗಿದ್ದವು. ಅಡುಗೆಯ ಗಂಗವ್ವ ಕದ್ದಿಲ್ಲವೆಂದು ಅಡಿವಯ್ಯನಿಗೆ ಗೊತ್ತಿತ್ತು. ಆದರೂ ಅವಳೇ ಕದ್ದಳೆಂದು ನಾಳೆ ಪಂಚರೆದುರು ಹೇಳಬೇಕೆಂದು ಮಠದ ವ್ಯವಸ್ಥಾಪಕ ತಾಕೀತು ಮಾಡಿದ್ದ. ತಾನು ಹೇಳದಿದ್ದರೆ ಇನ್ನೊಬ್ಬ ಹೇಳುತ್ತಾನೆ, ಸುಮ್ಮನೆ ತನ್ನ ಅನ್ನಕ್ಕೆ ತಾನೇ ಕಲ್ಲು ಹಾಕಿಕೊಂಡಂತಾಗುತ್ತದೆ ಎಂಬುದು ಅವನ ವಾದ.

ಗುರುಗಳು ಕತೆ ಹೇಳಿದರು.

ರಷ್ಯಾ ದೇಶದಲ್ಲಿ ಪ್ರೋಖೋರ್ ಎಂಬ ಸಿನಿಮಾ ನಟನಿದ್ದ. ಮೂವತ್ತು ವರ್ಷ ನಟಿಸಿದರೂ ನಾಯಕನಾಗಲಿಲ್ಲ. ಬಂಡಿ ಹೊಡೆಯುವವನು, ಕುಡುಕ, ಕಾವಲುಗಾರ, ಇಂಥವೇ ಪಾತ್ರಗಳು. ಮೂಗು ದಪ್ಪ, ಮೀಸೆ ಅದಕ್ಕಿಂತ ದಪ್ಪ. ರೊಟ್ಟಿಯ ಅಂಗಡಿಯ ಮುಂದೆ ಸಾಲು ನಿಂತವರು ಅವನ ಮುಖದ ಗುರುತು ಹಿಡಿಯುತ್ತಿದ್ದರು, ಹೆಸರು ಮಾತ್ರ ಯಾರಿಗೂ ಗೊತ್ತಿರಲಿಲ್ಲ. ಅವನಿಗೆ ಅದರ ಬೇಸರವಿರಲಿಲ್ಲ. ಕೊಟ್ಟದ್ದು ಎರಡೇ ಮಾತಾದರೂ ಆ ಎರಡು ಮಾತು ತನ್ನದಾಗಿರಬೇಕು, ಅಷ್ಟೇ ಅವನ ಹಟ.

ಒಮ್ಮೆ ಗೋದಾಮಿನ ಕಾವಲುಗಾರನ ಪಾತ್ರ ಬಂತು. ಆ ಚಿತ್ರದ ಕತೆ ನಿಜವಾಗಿ ನಡೆದದ್ದು. ಆ ಗೋದಾಮಿನ ಗುಮಾಸ್ತ ಕಳ್ಳನೆಂಬ ಆರೋಪ ಹೊತ್ತು ಇನ್ನೂ ಸೆರೆಮನೆಯಲ್ಲೇ ಇದ್ದ. ಚಿತ್ರದ ಕೊನೆಯಲ್ಲಿ ಕಾವಲುಗಾರ ನ್ಯಾಯಾಲಯದಲ್ಲಿ ನಿಂತು "ಅವನು ಕದ್ದಿಲ್ಲ" ಎನ್ನಬೇಕಿತ್ತು. ಚಿತ್ರ ಮುಕ್ಕಾಲು ಮುಗಿದಾಗ ಮೇಲಿನಿಂದ ಅಪ್ಪಣೆ ಬಂತು, "ಕದ್ದದ್ದು ಅವನೇ" ಎನ್ನಿಸಿ ಎಂದು.

ಪ್ರೋಖೋರ್ ಒಲ್ಲೆನೆಂದ. ಬದುಕಿರುವ ಮನುಷ್ಯನ ಕೊರಳಿಗೆ ತನ್ನ ಮಾತು ಉರುಳಾಗಕೂಡದು ಎಂದ. ನಿರ್ದೇಶಕ ಒಳ್ಳೆಯವನು, ಆದರೆ ಪುಕ್ಕಲ.

"ನಿನಗೆ ಬೇಕಾದ್ದನ್ನೇ ಹೇಳಪ್ಪ, ತುಟಿ ಆಡಿದರೆ ಸಾಕು. ದನಿಯನ್ನು ಹೇಗೂ ಆಮೇಲೆ ಕೂರಿಸುತ್ತೇವೆ" ಎಂದ.

ಅಲ್ಲಿ ಚಿತ್ರ ತೆಗೆಯುವುದು ಒಂದು ದಿನ, ದನಿ ಸೇರಿಸುವುದು ಇನ್ನೊಂದು ದಿನ. ಪ್ರೋಖೋರನಿಗೆ ಥಟ್ಟನೆ ಹೊಳೆಯಿತು. ತಾನು ಬಾಯಿ ತೆರೆದು ನಿಜವನ್ನೇ ಹೇಳಿದರೂ ಆ ತೆರೆದ ಬಾಯಿಗೆ ಇವರು ಸುಳ್ಳನ್ನು ತುಂಬುತ್ತಾರೆ.

ಕ್ಯಾಮೆರಾ ಓಡಿತು. ಅವನು ತುಟಿ ಬಿಗಿದು, ನ್ಯಾಯಾಧೀಶನನ್ನೇ ನೋಡುತ್ತ, ನಿಧಾನವಾಗಿ ಅಡ್ಡಡ್ಡ ತಲೆಯಾಡಿಸಿದ. ಆರು ಸಲ ತೆಗೆದರು, ಆರು ಸಲವೂ ಅಷ್ಟೇ. ಚಿತ್ರದ ತುಂಬ ಅವನೇ ಕಾವಲುಗಾರನಾಗಿದ್ದುದರಿಂದ ಬೇರೆಯವನನ್ನು ನಿಲ್ಲಿಸುವಂತಿರಲಿಲ್ಲ. ಮೀಸೆ ದಪ್ಪವಿದೆ, ತುಟಿ ಯಾರಿಗೆ ಕಾಣುತ್ತದೆ ಎಂದು ಮೇಲಿನವರು ಬೇರೊಬ್ಬನ ದನಿಯನ್ನು ಆ ದೃಶ್ಯದ ಮೇಲೆಯೇ ಹಚ್ಚಿಸಿದರು.

ಚಿತ್ರಮಂದಿರದಲ್ಲಿ "ಕದ್ದದ್ದು ಅವನೇ" ಎಂಬ ದನಿ ಮೊಳಗಿತು. ಪರದೆಯ ಮೇಲೆ ಮೀಸೆಯ ಒಂದು ಕೂದಲೂ ಅಲುಗಲಿಲ್ಲ, ತಲೆ ಮಾತ್ರ ಇಲ್ಲ ಇಲ್ಲವೆಂದು ಆಡುತ್ತಿತ್ತು. ಹಿಂದಿನ ಸಾಲಿನಲ್ಲಿ ಯಾರೋ ಹೆಂಗಸು ಕಿಸಕ್ಕೆಂದಳು. ಆಮೇಲೆ ಇಡೀ ಮಂದಿರ ನಕ್ಕಿತು.

ಪ್ರೋಖೋರನಿಗೆ ಮತ್ತೆ ಪಾತ್ರ ಸಿಗಲಿಲ್ಲ. ಕಾರ್ಖಾನೆಯೊಂದರ ಕುಲುಮೆಗೆ ಕಲ್ಲಿದ್ದಲು ಹಾಕಿ ಹೊಟ್ಟೆ ಹೊರೆದ. ಆದರೆ ರೊಟ್ಟಿಯ ಸಾಲಿನಲ್ಲಿ ಅವನನ್ನು ಕಂಡವರು ತುಟಿ ಬಿಗಿದು, ಅಡ್ಡಡ್ಡ ತಲೆಯಾಡಿಸಿ, ಮುಂದೆ ಜಾಗ ಬಿಡುತ್ತಿದ್ದರು. ಅವನೂ ಹಾಗೆಯೇ ತಲೆಯಾಡಿಸಿ ಎದೆ ಸೆಟೆಸಿಕೊಂಡು ರೊಟ್ಟಿ ತರುತ್ತಿದ್ದ.

ಇಷ್ಟು ಹೇಳಿ ಗುರುಗಳು ಕತೆ ಮುಗಿಸಿದರು.

"ಆ ಗುಮಾಸ್ತನಿಗೆ ಬಿಡುಗಡೆಯಾಯಿತೆ?" ಎಂದು ಅಡಿವಯ್ಯ ಕೇಳಿದ.

"ಅದು ನನಗೆ ತಿಳಿಯದು. ಪ್ರೋಖೋರನಿಂದ ಸುಳ್ಳು ಹೇಳಿಸಲು ಅವರು ಬೇರೊಬ್ಬನ ಗಂಟಲನ್ನು ತರಬೇಕಾಯಿತು. ನಿನ್ನಿಂದ ಹೇಳಿಸಲು ನಿನ್ನ ಗಂಟಲೇ ಸಾಕೆ?"