ಕುಂಬಾರ ತಟ್ಟಿ ನೋಡಿದ ಸೇತುವೆ

"ಗುರುಗಳೇ, ನೀವು ನನಗೆ ಕಲಿಸಿದ್ದರಲ್ಲಿ ಒಂದಾದರೂ ತಪ್ಪು ಇರಬಹುದೇ?" ಎಂದು ಬೊಮ್ಮಯ್ಯ ಕೇಳಿದ.

ಅವನು ವೈದ್ಯ ಕಲಿಯಲು ಬಂದವನು. ಅವನ ಊರಿನಲ್ಲಿ ಜ್ವರ ಹರಡಿತ್ತು, ವೈದ್ಯರಿರಲಿಲ್ಲ. ವಿದ್ಯೆ ಮುಗಿದು ವರ್ಷವಾದರೂ ಅವನು ಊರಿಗೆ ಹೊರಟಿರಲಿಲ್ಲ. ಕಲಿತ ಒಂದೊಂದು ಔಷಧವನ್ನೂ ಮತ್ತೆ ಅರೆದು, ಮತ್ತೆ ಮೂಸಿ, ಅನುಮಾನಪಡುತ್ತ ಕೂತಿದ್ದ.

ಗುರು ಒಂದು ಕತೆ ಹೇಳಿದರು.

ಒಬ್ಬ ಕುಂಬಾರನ ಹೆಂಡತಿ ಕಾಯಿಲೆ ಬಿದ್ದಳು. ಏಳು ಹೆಡೆಯ ಬೆಟ್ಟದ ಬುಡದಲ್ಲಿ ಸಿಗುವ ಬೇರನ್ನು ಅರವತ್ತು ದಿನದೊಳಗೆ ತಂದರೆ ಬದುಕುತ್ತಾಳೆ ಎಂದರು ವೈದ್ಯರು. ಅವನ ಊರಿನವರು ಯಾರೂ ಆ ಕಡೆ ಹೋದವರಲ್ಲ. ಒಬ್ಬ ನಕ್ಷೆಗಾರ ಬಟ್ಟೆಯ ಮೇಲೆ ದಾರಿ ಬರೆದುಕೊಟ್ಟ. ಮೊದಲು ಮಾತಾಡುವ ಕಾಡು, ಆಮೇಲೆ ಕೆಂಪು ಜೌಗು, ಆಮೇಲೆ ಒಂದು ಕಮರಿ, ಕಮರಿಗೆ ಕಲ್ಲಿನ ಸೇತುವೆ, ಆಚೆಗೆ ಬೆಟ್ಟ. ಹೋಗಲು ಇಪ್ಪತ್ತೈದು ದಿನ, ಬರಲು ಇಪ್ಪತ್ತೈದು.

ಮೂರನೆಯ ದಿನ ಕುಂಬಾರ ಒಂದು ಛತ್ರದಲ್ಲಿ ಇಳಿದುಕೊಂಡ. ಛತ್ರದವನು ನಕ್ಷೆ ನೋಡಿ ನಕ್ಕ. "ಈ ನಕ್ಷೆಗಾರರು ಪ್ರತಿ ನಕ್ಷೆಯಲ್ಲೂ ಬೇಕೆಂದೇ ಒಂದು ಸುಳ್ಳು ಬರೀತಾರಪ್ಪ. ಕದ್ದು ನಕಲು ಮಾಡಿದೋನು ಅದರಿಂದ ಸಿಕ್ಕಿಬೀಳಲಿ ಅಂತ."

ಅಲ್ಲಿಗೆ ಕುಂಬಾರನ ನೆಮ್ಮದಿ ಹೋಯಿತು.

ಕಾಡಿನಲ್ಲಿ ಅವನ ಹೆಂಡತಿಯ ದನಿಯಲ್ಲೇ ಯಾರೋ ಕರೆದರು. ಕರೆದರೆ ಓಗೊಡಬೇಡ ಎಂದು ನಕ್ಷೆಯಲ್ಲಿತ್ತು. ಅದೇ ಸುಳ್ಳಾಗಿದ್ದರೆ ಎಂದು ಬಾಯಿ ತೆರೆದ, ಹೆದರಿ ಮುಚ್ಚಿಕೊಂಡ. ಓಗೊಡದೆ ನಡೆದು ಕಾಡು ದಾಟಿದ; ನಕ್ಷೆ ನಿಜವಾಗಿತ್ತು. ಜೌಗಿನಲ್ಲಿ ಬಿಳಿ ಹುಲ್ಲಿರುವ ಕಡೆ ಮಾತ್ರ ಕಾಲಿಡು ಎಂದಿತ್ತು. ಅದೂ ನಿಜವಾಗಿತ್ತು. ನಿಜವಾದಷ್ಟೂ ಅವನ ಅನುಮಾನ ಬೆಳೆಯಿತು. ಸುಳ್ಳು ಇನ್ನೂ ಮುಂದೆಯೇ ಇದೆ ಎಂದಾಯಿತಲ್ಲ.

ಕಮರಿ ಬಂತು. ಸೇತುವೆಯೂ ಇತ್ತು. ಕುಂಬಾರ ಕುಕ್ಕರುಗಾಲಲ್ಲಿ ಕೂತು, ಮಡಕೆ ತಟ್ಟಿ ನೋಡುವ ಹಾಗೆ ಅದರ ಕಲ್ಲನ್ನು ಬೆರಳಿನಿಂದ ತಟ್ಟಿದ. ಗಟ್ಟಿ ಮಡಕೆ ಠಣ್ ಎನ್ನುತ್ತದೆ, ಬಿರುಕು ಬಿಟ್ಟದ್ದು ಮಂಕಾಗಿ ಸದ್ದು ಮಾಡುತ್ತದೆ. ಕಲ್ಲು ಮಂಕಾಗಿ ಸದ್ದು ಮಾಡಿತು. ಪಾಪ, ಅವನಿಗೆ ಗೊತ್ತಿದ್ದ ಪರೀಕ್ಷೆ ಅದೊಂದೇ.

ಕುರಿ ಮೇಯಿಸುತ್ತಿದ್ದ ಹೆಂಗಸೊಬ್ಬಳು ಹೇಳಿದಳು: "ಹೆದರಬ್ಯಾಡಣ್ಣ, ದಿನಾ ನನ್ನ ಕುರಿ ಇದರ ಮ್ಯಾಲೇ ದಾಟ್ತಾವೆ."

ಕೇಳದೆಯೇ ಇವಳು ಯಾಕೆ ಹೇಳಿದಳು? ಕುಂಬಾರ ಅವಳನ್ನೂ ನಂಬಲಿಲ್ಲ. ಕಮರಿಯನ್ನು ಸುತ್ತಿಕೊಂಡು ಹೋದ. ಎಂಟು ದಿನ ಹೆಚ್ಚು ಹಿಡಿಯಿತು.

ಬೆಟ್ಟ ಸಿಕ್ಕಿತು, ಬೇರೂ ಸಿಕ್ಕಿತು. ಇನ್ನೂ ಇಪ್ಪತ್ತೇಳು ದಿನವಿತ್ತು. ಸೇತುವೆ ದಾಟಿದರೆ ಇಪ್ಪತ್ತೈದು ಸಾಕು. ಆದರೆ ನಡೆದು ನೋಡಿದ್ದೆಲ್ಲ ನಿಜವಾಗಿತ್ತು. ಹಾಗಾದರೆ ಸುಳ್ಳು ಇರುವುದು ನಡೆಯದೆ ಬಿಟ್ಟ ಕಡೆಯಲ್ಲೇ ಎಂದು ಅವನ ಬುದ್ಧಿ ಹೇಳಿತು. ತಾನು ಕಮರಿಗೆ ಬಿದ್ದರೆ ಬೇರು ಅವಳಿಗೆ ಮುಟ್ಟುವುದು ಹೇಗೆ? ಬೇರನ್ನು ಎದೆಗೆ ಕಟ್ಟಿಕೊಂಡು ಮತ್ತೆ ಸುತ್ತುದಾರಿಯನ್ನೇ ಹಿಡಿದ.

ಮನೆಗೆ ಬಂದಾಗ ಹೆಂಡತಿ ಸತ್ತು ನಾಲ್ಕು ದಿನವಾಗಿತ್ತು.

ಕುಂಬಾರ ನೇರ ನಕ್ಷೆಗಾರನ ಮನೆಗೆ ಹೋಗಿ ಬಟ್ಟೆಯನ್ನು ಅವನ ಮುಂದೆ ಎಸೆದ. "ಸುಳ್ಳು ಎಲ್ಲಿದೆ, ತೋರಿಸು."

ನಕ್ಷೆಗಾರ ಬಟ್ಟೆ ಬಿಡಿಸಿದ. ಬೆಟ್ಟದಿಂದಲೂ ಆಚೆ, ಯಾವ ದಾರಿಯೂ ಮುಟ್ಟದ ಮೂಲೆಯಲ್ಲಿ, ಉಗುರಿನಷ್ಟು ಒಂದು ಕೆರೆಯಿತ್ತು. ಅದರ ಮೇಲೆ ಬೆರಳಿಟ್ಟ. "ಅಲ್ಲಿ ಕೆರೆ ಇಲ್ಲ. ಜನ ನಡೆಯುವ ದಾರಿಯಲ್ಲಿ ಸುಳ್ಳು ಬರೆಯೋಕೆ ನಾನೇನು ಕಟುಕನೇನಪ್ಪ? ಒಂದು ಮಾತು ಬಂದು ಕೇಳಿದ್ದರೆ ಹೇಳ್ತಿದ್ದೆ."

ಗುರು ಇಲ್ಲಿಗೆ ಕತೆ ನಿಲ್ಲಿಸಿದರು. ಕುಂಬಾರನ ಮೇಲೆ ಬೊಮ್ಮಯ್ಯನಿಗೆ ಮರುಕ ಬಂದಿತ್ತು, ಆದರೂ ಅವನು ತನ್ನ ಪಟ್ಟು ಬಿಡಲಿಲ್ಲ.

"ನಾನು ಬಂದು ಕೇಳುತ್ತಲೇ ಇದ್ದೇನಲ್ಲ, ಗುರುಗಳೇ. ನೀವು ಕಲಿಸಿದ್ದರಲ್ಲಿ ತಪ್ಪು ಇದೆಯೋ ಇಲ್ಲವೋ?"

ಗುರು ಹೇಳಿದರು: "ಇರಬಹುದು ಬೊಮ್ಮಯ್ಯ, ಆದರೆ ಈ ಒಂದು ವರ್ಷದಲ್ಲಿ ನಿನ್ನ ಊರಿನಲ್ಲಿ ಸತ್ತವರು ಯಾರೂ ಆ ತಪ್ಪಿನಿಂದ ಸಾಯಲಿಲ್ಲ."